ಲುಜೀನಿಯಾ ಹೇಳಿದ್ದು

ಶವಪೆಟ್ಟಿಗೆಯ ಪಕ್ಕದ ಹೂಗುಚ್ಛದೊಳಗೆ ವರ್ಡೆಲ್ ಟೇಪ್ ರೆಕಾರ್ಡರ್ ತುರುಕುತ್ತಿದ್ದಾಗ, ಬಿಳಿ ಕೈಗವಸಿನ ಕೈಯೊಂದು ಅವಳ ಭುಜ ಹಿಡಿಯಿತು.

"ಏನೇ ಇದು? ನಿಮ್ಮ ಚಿಕ್ಕಮ್ಮ ಬದುಕಿದ್ದಿದ್ರೆ ಕಿಟಕಿಯಿಂದಾಚೆ ಎಸೀತಿದ್ಲು," ಎಂದಳು ಕ್ಲಿಯೋಲಾ. ಚರ್ಚಿನ ಬಾಗಿಲಲ್ಲಿ ನಿಂತು ಬಂದವರನ್ನು ಕೂರಿಸುವ ಈ ಎಂಬತ್ತರ ಮುದುಕಿ, ಸತ್ತ ಲುಜೀನಿಯಾಳ ಜೊತೆ ಹದಿನೈದು ವರ್ಷ ಜೋಕು ಹೇಳಲು ವೇದಿಕೆ ಹತ್ತಿದವಳು.

"ಅದಕ್ಕೇ ಇಷ್ಟು ದಿನ ಸುಮ್ಮನಿದ್ದೆ ಮಿಸ್ ಕ್ಲಿಯೋಲಾ. ಅವಳ ಒಂದು ಮಾತೂ ಎಲ್ಲೂ ಉಳಿದಿಲ್ಲ. ಕೇಳಿದವರೆಲ್ಲ ಇವತ್ತು ಇಲ್ಲಿದ್ದಾರೆ. ನಾಳೆ ಎಲ್ಲಿ ಹುಡುಕಲಿ?"

ಕ್ಲಿಯೋಲಾ ಅತ್ತಿತ್ತ ನೋಡಿ, ಒಂದು ಲಿಲ್ಲಿ ಹೂವು ಸರಿಸಿ ರೆಕಾರ್ಡರನ್ನು ಮರೆಮಾಡಿದಳು.

*

ಲುಜೀನಿಯಾ ವಾರವೆಲ್ಲ ಶಾಲೆಯ ಅಡುಗೆಮನೆಯಲ್ಲಿ ದುಡಿದು, ಶನಿವಾರ ಸಂಜೆ ದಕ್ಷಿಣ ಚಿಕಾಗೋದ ಕ್ಲಬ್ಬುಗಳಲ್ಲಿ ಜನರನ್ನು ಹೊಟ್ಟೆ ಹುಣ್ಣಾಗುವಂತೆ ನಗಿಸುತ್ತಿದ್ದಳು. ಒಮ್ಮೆ ಮುಂದಿನ ಸಾಲಿನಲ್ಲಿ ಕೂತವನೊಬ್ಬ ಎಲ್ಲವನ್ನೂ ಟೇಪು ಮಾಡಿಕೊಂಡು ಹೋದ. ತಿಂಗಳೊಳಗೆ ಅವೇ ಜೋಕುಗಳು ರೇಡಿಯೋದಲ್ಲಿ, ಅವನ ಬಾಯಲ್ಲಿ. ಅಂದಿನಿಂದ ಟೇಪು ಕಂಡರೆ ಅವಳಿಗೆ ಮೈಯೆಲ್ಲ ಉರಿ.

"ಕಪ್ಪು ಹೆಂಗಸು ಹೇಳಿದ್ರೆ ಮರೀತಾರೆ, ಕದ್ದವನು ಹೇಳಿದ್ರೆ ನೆನಪಿಡ್ತಾರೆ ಕಣೇ," ಎಂದಿದ್ದಳು ವರ್ಡೆಲ್‌ಗೆ. "ನಾನು ಹೋದ್ಮೇಲೆ ಏನಾದ್ರೂ ಮಾಡ್ಕೊ. ಹೆಸರು ಮಾತ್ರ ನಂದೇ ಹಾಕು."

*

ಪಾದ್ರಿಗಳು ನಾಲ್ಕು ಮಾತಾಡಲು ಕರೆದಾಗ ಕ್ಲಿಯೋಲಾ ಮೈಕಿನ ಮುಂದೆ ನಿಂತಳು.

"'ನನ್ನ ಗಂಡ ಎಂಥ ಸೋಮಾರಿ ಅಂದ್ರೆ,' ಅಂತಿದ್ಲು ನಮ್ಮ ಲುಜೀನಿಯಾ..."

"ಹೇಳಮ್ಮ!" ಎಂದಿತು ಚರ್ಚು.

"'ಸತ್ತು ಮೂರು ದಿನ ಆದ್ರೂ ನಂಗೆ ಗೊತ್ತಾಗ್ಲಿಲ್ಲ...'"

ಮುಂದಿನದು ಎಲ್ಲರಿಗೂ ಬಾಯಿಪಾಠ. ಅವಳು ಅದನ್ನು ಹೇಳುವಷ್ಟರಲ್ಲಿ ಚರ್ಚೇ ಗೊಳ್ಳೆಂದಿತು. ಪಾದ್ರಿಗಳು ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು.

ಮಣ್ಣು ಮಾಡಿ ಬಂದ ಮೇಲೆ, ಚರ್ಚಿನ ನೆಲಮಾಳಿಗೆಯ ಊಟದ ಕೋಣೆಯಲ್ಲಿ ವರ್ಡೆಲ್ ಟೇಪು ಹಾಕಿದಳು. ಕೊನೆಯ ಮಾತಿನ ಜಾಗದಲ್ಲಿ ಬರೀ ನಗು. ಅವಳಿಗೆ ಅಳುವೇ ಬಂತು.

"ಮಾತೇ ಕೇಳಿಸ್ತಿಲ್ಲ ಮಿಸ್ ಕ್ಲಿಯೋಲಾ!"

"ಅದಕ್ಯಾಕೆ ಅಳ್ತೀಯೆ? ಒತ್ತು ಗುಂಡಿ." ಕ್ಲಿಯೋಲಾ ರೆಕಾರ್ಡರಿನತ್ತ ಬಾಗಿದಳು. "'ಊಟಕ್ಕೆ ಕರೆದೆ, ಎದ್ದು ಬರಲಿಲ್ಲ. ಆಗ ಗೊತ್ತಾಯ್ತು.' ಇದು ಲುಜೀನಿಯಾ ಟಾಲಿವರ್ ಹೇಳಿದ್ದು. ಬೇರೆ ಯಾವನದೂ ಅಲ್ಲ."

"ಬಾಡಿಗೆ ಮನೆ ಜೋಕು ಯಾರಾದ್ರೂ ಹೇಳಿದ್ರಾ?" ಹಿಂದಿನಿಂದ ಒಬ್ಬ ಮುದುಕ ಕೂಗಿದ. "ಅದು ನನ್ನ ಹತ್ರ ಇದೆ!"

"ಟೋಪಿದು ನನ್ನ ಹತ್ರ! ತಳ್ಳಬೇಡಿ, ನಾನು ಮೊದಲು ಬಂದಿದ್ದು!"

ಇಷ್ಟು ವರ್ಷ ಇವರೆಲ್ಲ ಚಿಕ್ಕಮ್ಮನ ಮಾತುಗಳನ್ನು ಜೋಪಾನ ಮಾಡಿದ್ದಾರಲ್ಲ ಎಂದು ವರ್ಡೆಲ್‌ಗೆ ಎದೆ ತುಂಬಿ ಬಂತು. ಹುರಿದ ಕೋಳಿಯ ಮೇಜಿನ ಮುಂದೆ ಒಬ್ಬರೂ ಇರಲಿಲ್ಲ. ಖಾಲಿ ತಟ್ಟೆ ಹಿಡಿದವರ ಸಾಲು ಅವಳ ರೆಕಾರ್ಡರಿನ ಮುಂದಿನಿಂದ ಶುರುವಾಗಿ, ಮೆಟ್ಟಿಲು ಹತ್ತಿ, ಬೀದಿಯವರೆಗೂ ಬೆಳೆದಿತ್ತು.