ಶನಿವಾರ ಎರಡು ಗಂಟೆಯ ಮೈದಾನ

ಏಪ್ರಿಲ್ ಕೊನೆಯ ವಾರ ಉತ್ತರದ ಹಿಮನಾಡಿನ ಸಣ್ಣ ಊರು ಹೌಕಿಸಾಲ್ಮಿಯ ಜನ ಮೂರು ದಿನ ಸತತವಾಗಿ ದುಡಿದು ತಮ್ಮ ಫುಟ್‌ಬಾಲ್ ಮೈದಾನವನ್ನು ಹಿಮದ ಅಡಿಯಿಂದ ಹೊರಗೆ ತೆಗೆದರು. ಟ್ರ್ಯಾಕ್ಟರ್ ಇಳಿಸುವಂತಿರಲಿಲ್ಲ, ಇಳಿಸಿದರೆ ಹುಲ್ಲು ಬೇರುಸಹಿತ ಕಿತ್ತು ಬರುತ್ತದೆ. ಮೊದಲು ಮನೆಮನೆಯ ಒಲೆಯ ಬೂದಿ ತಂದು ಎರಚಿದರು. ಕಪ್ಪು ಬೂದಿ ಬಿಸಿಲನ್ನು ಹೀರಿ ಹಿಮ ಮೆತ್ತಗಾದ ಮೇಲೆ ಸಲಿಕೆ ಹಿಡಿದು ಸಾಲಾಗಿ ನಿಂತರು. ಕರೆದವರಿಲ್ಲ, ಕೂಲಿಯಿಲ್ಲ, ಯಾರು ಬಂದರು ಯಾರು ತಪ್ಪಿಸಿಕೊಂಡರು ಎಂದು ನೋಡಿದವರೂ ಇಲ್ಲ. ಇಂಥ ಕೆಲಸಕ್ಕೆ ಆ ಸೀಮೆಯಲ್ಲಿ ತಾಲ್ಕೋತ್ ಎನ್ನುತ್ತಾರೆ. ಮೂರನೆಯ ಸಂಜೆ ಹಿಮವೆಲ್ಲ ಮೈದಾನದ ಅಂಚಿಗೆ ಸರಿದು, ಊಟ ಮಾಡಿ ಮಲಗಿದ ಬಿಳಿ ದೈತ್ಯರ ಹಾಗೆ ಗುಡ್ಡೆಗುಡ್ಡೆಯಾಗಿ ಬಿದ್ದಿತ್ತು. ನಡುವೆ ಒದ್ದೆ ಹುಲ್ಲು, ಚಳಿಗಾಲವಿಡೀ ಕಣ್ಣು ಮುಚ್ಚಿದ್ದ ಹುಲ್ಲು, ಆಕಾಶ ನೋಡುತ್ತಿತ್ತು.

ಹಿಲ್ಕಾ ಅದನ್ನು ನೋಡುತ್ತ ನಿಂತಳು. ಅವಳಿಗೆ ಅರವತ್ತನಾಲ್ಕು. ಅಂಚೆ ಕಚೇರಿಯ ಕೆಲಸದಿಂದ ನಿವೃತ್ತಿಯಾಗಿದೆ, ಕ್ಲಬ್ಬಿನ ಕೆಲಸದಿಂದ ಆಗಿಲ್ಲ. ಐದನೇ ಡಿವಿಜನ್ನಿನಲ್ಲಿ ಆಡುವ ಈ ಕ್ಲಬ್ಬಿನ ಅಂಗಿ ಒಗೆಯುವವಳು ಅವಳು, ಬಲೆ ಹೊಲಿಯುವವಳು ಅವಳು, ಸುಣ್ಣದ ಗೆರೆ ಎಳೆಯುವವಳೂ ಅವಳೇ.

ಆ ಸಂಜೆ ಪುರಸಭೆಯ ಕ್ರೀಡಾ ವಿಭಾಗದ ಹೊಸ ಅಧಿಕಾರಿ ಸಾಂಪ್ಸ ಕಾರಿನಲ್ಲಿ ಬಂದು ಬೇಲಿಯ ಪಕ್ಕ ನಿಲ್ಲಿಸಿದ. ಅದೇ ಊರಿನಲ್ಲಿ ಬೆಳೆದ ಹುಡುಗ. "ಭಾರೀ ಕೆಲಸ ಆಗಿದೆ," ಎಂದ. ಹಿಲ್ಕಾ ಫ್ಲಾಸ್ಕಿನಿಂದ ಕಾಫಿ ಬಗ್ಗಿಸಿಕೊಟ್ಟಳು, ಏಲಕ್ಕಿ ಹಾಕಿ ಬೇಯಿಸಿದ ಬನ್ನು ಕೊಟ್ಟಳು. ಅವನು ತಿಂದ, ಇನ್ನೊಂದು ಕಪ್ ಕುಡಿದ, ಹೋದ.

ಬುಧವಾರ ಬೆಳಿಗ್ಗೆ ಮೈದಾನದ ಗೇಟಿನ ಬೋರ್ಡಿನ ಮೇಲೆ ಒಂದು ಹಾಳೆ ಅಂಟಿಸಿತ್ತು. ಮೇ ತಿಂಗಳಿಂದ ಸೆಪ್ಟೆಂಬರ್‌ವರೆಗೆ ಎಲ್ಲ ಶನಿವಾರಗಳೂ, ಬೆಳಗಿನಿಂದ ಸಂಜೆಯವರೆಗೆ, ಅರವತ್ತು ಕಿಲೋಮೀಟರ್ ದೂರದ ಪಟ್ಟಣದ ದೊಡ್ಡ ಕ್ಲಬ್ಬಿಗೆ. ಹೌಕಿಸಾಲ್ಮಿಯ ಹೆಸರು ಎಲ್ಲೂ ಇರಲಿಲ್ಲ. ಹಿಲ್ಕಾ ಹಾಳೆಯನ್ನು ಎರಡು ಸಲ ಓದಿ ನೇರ ಪುರಸಭೆಗೆ ನಡೆದಳು.

"ಇದೇನು ಸಾಂಪ್ಸ, ಬೋರ್ಡಿನ ಮೇಲೆ?"

"ಮೈದಾನದ ಸರದಿ ಪಟ್ಟಿ. ನಿಮ್ಮ ಅರ್ಜಿ ಬಂದಿಲ್ಲ."

ನಿಮ್ಮ, ಎಂದ. ಮುಖ್ಯಸ್ಥರನ್ನೂ ಹೆಸರು ಹಿಡಿದು ನೀನು ಎನ್ನುವ ಊರದು. ಇವನು ಹುಟ್ಟಿದಾಗ ಬೆಚ್ಚನೆಯ ಕಾಲುಚೀಲ ಹೆಣೆದುಕೊಟ್ಟವಳು ತಾನು. ಆ ಬಹುವಚನ ಮುಖದ ಮೇಲೆ ಬಾಗಿಲು ಹಾಕಿದ ಹಾಗಿತ್ತು.

"ಯಾವ ಅರ್ಜಿ?"

"ಕಂಪ್ಯೂಟರಲ್ಲಿ ಹಾಕೋದು. ಜನವರಿ ಮೂವತ್ತೊಂದು ಕೊನೇ ದಿನ ಇತ್ತು."

"ಮೂವತ್ತೆಂಟು ವರ್ಷದಿಂದ ಶನಿವಾರ ಎರಡು ಗಂಟೆ ನಮ್ದು."

"ಎಲ್ಲಿ ಬರೆದಿದೆ?"

ಎಲ್ಲೂ ಬರೆದಿರಲಿಲ್ಲ. ಮೈದಾನ ನೋಡಿಕೊಳ್ಳುತ್ತಿದ್ದ ಹಳೆಯ ಒಸ್ಮೊ ಪ್ರತಿ ಚಳಿಗಾಲ ಅಂಗಡಿಯ ಸಾಲಿನಲ್ಲಿ ಅವಳ ಹಿಂದೆ ನಿಂತು, ಹಾಲಿನ ಪೊಟ್ಟಣ ಕೈಯಲ್ಲಿ ಹಿಡಿದು, "ಶನಿವಾರಾನೇ ತಾನೇ?" ಎನ್ನುತ್ತಿದ್ದ. ಅವಳು "ಹೂಂ" ಎನ್ನುತ್ತಿದ್ದಳು. ಒಂದು ವರ್ಷದ ವ್ಯವಹಾರ ಅಷ್ಟಕ್ಕೆ ಮುಗಿಯುತ್ತಿತ್ತು. ಅದರ ಮೇಲೆ ಕಾಗದ ಕೇಳಿದ್ದರೆ ಒಸ್ಮೊನ ಮಾತನ್ನು ನಂಬಲಿಲ್ಲ ಎಂದಾಗುತ್ತಿತ್ತು. ಕಳೆದ ಶರತ್ಕಾಲ ಒಸ್ಮೊ ನಿವೃತ್ತನಾದ. ಆ ಹೂಂ ಕೂಡ ಅವನ ಜೊತೆಗೇ ನಿವೃತ್ತಿಯಾಯಿತೆಂದು ಯಾರಿಗೂ ಹೊಳೆಯಲಿಲ್ಲ.

"ನಾವು ಹಿಮ ಎತ್ತುವಾಗ ನಿಂಗೆ ಇದು ಗೊತ್ತಿತ್ತಾ?"

ಸಾಂಪ್ಸ ಕಂಪ್ಯೂಟರಿನ ಕಡೆ ತಿರುಗಿದ. "ಪಟ್ಟಿ ಫೆಬ್ರವರೀಲೇ ಆಗಿದೆ."

"ಗೊತ್ತಿದ್ದೂ ನಿಂತ್ಕೊಂಡು ನನ್ನ ಬನ್ನು ತಿಂದೆ."

"ಬನ್ನಿಗೂ ಸರದಿಗೂ ಏನು ಸಂಬಂಧ?"

ಸಂಬಂಧ ಗೊತ್ತಿಲ್ಲದವನಿಗೆ ಅದನ್ನು ಹೇಳಿ ತಿಳಿಸುವುದು ಹೇಗೆ. ಹಿಲ್ಕಾ ಕೈಗವಸು ಅವನ ಮೇಜಿನ ಮೇಲೇ ಮರೆತು ಹೊರಗೆ ಬಂದಳು.

ಮನೆಗೆ ಬಂದು ಜಿಲ್ಲಾ ಫುಟ್‌ಬಾಲ್ ಸಂಘಕ್ಕೆ ಫೋನು ಮಾಡಿದಳು. ಶನಿವಾರ ಎರಡಕ್ಕೆ ಈ ವರ್ಷ ತಮ್ಮ ಊರಲ್ಲೇ ನಡೆಯುವ ಮೊದಲ ಪಂದ್ಯ, ಮೈದಾನವೇ ಇಲ್ಲ. ಹತ್ತಿರದ ಉಳಿದ ಮೈದಾನಗಳು ಇನ್ನೂ ಮಂಜುಗಡ್ಡೆಯ ಅಡಿಯಲ್ಲಿವೆ.

"ಮೈದಾನ ಒದಗಿಸದಿದ್ರೆ ಪಂದ್ಯ ಬಿಟ್ಟುಕೊಟ್ಟ ಹಾಗೆ," ಎಂದಳು ಅಲ್ಲಿಯ ಹೆಂಗಸು. "ನೀವು ಹೋದ ವಾರಾನೇ ಒಂದು ಬಿಟ್ಟಿದ್ದೀರಿ."

"ಆರು ಜನಕ್ಕೆ ಜ್ವರ ಇತ್ತು."

"ಇರಬಹುದು. ಆದ್ರೆ ಎರಡಾದ್ರೆ ಈ ವರ್ಷದ ಸರಣಿಯಿಂದ ತೆಗೆದುಹಾಕ್ತೀವಿ. ನಿಯಮ. ಮೈದಾನದ ಮೇಲೆ ಹಿಮ ಇದ್ರೆ ಬೇರೆ ಮಾತು, ಮುಂದಕ್ಕೆ ಹಾಕಬಹುದು. ಪುರಸಭೆಯವರು ಹಿಮ ಇದೆ ಅಂತ ಹೇಳಿದ್ರೆ ಸಾಕು. ಹಿಮ ಇದೆಯಾ?"

ಕಿಟಕಿಯಿಂದ ಮೈದಾನ ಕಾಣುತ್ತಿತ್ತು, ಹಸಿರಾಗಿ.

"ಇಲ್ಲ," ಎಂದಳು ಹಿಲ್ಕಾ. "ತೆಗೆದುಬಿಟ್ವಿ."

ಮರುದಿನ ಇದನ್ನು ಕೇಳಿದ ತೌನೊ ತಲೆಗೆ ಕೈ ಹಚ್ಚಿ ಕುಳಿತ. ಐವತ್ತೊಂದರ ತೌನೊ ಶಾಲಾ ಬಸ್ಸಿನ ಚಾಲಕ, ಕ್ಲಬ್ಬಿನ ಗೋಲ್‌ಕೀಪರ್. ಬೇರೆ ಯಾರೂ ಆ ಜಾಗಕ್ಕೆ ಬರುವುದಿಲ್ಲವಾದ್ದರಿಂದ ಇನ್ನೂ ಆಡುತ್ತಿದ್ದಾನೆ.

"ಇದೆ ಅಂತ ಒಂದು ಮಾತು ಅಂದಿದ್ರೆ ನಿನ್ನ ನಾಲಿಗೆ ಉದುರಿ ಬೀಳ್ತಿತ್ತಾ ಮಾರಾಯ್ತಿ?"

"ಇರ್ಲಿಲ್ಲ, ಇಲ್ಲ ಅಂದೆ."

"ಈ ವರ್ಷ ತೆಗೆದುಹಾಕಿದ್ರೆ ಬರೋ ವರ್ಷ ಹನ್ನೊಂದು ಜನ ಸೇರಲ್ಲ. ನಮ್ಮಲ್ಲಿ ಆಡೋ ಮಿಕ್ಕೋ ಮೀನು ಹಿಡಿಯೋಕೆ ಹೋಗ್ತಾನೆ, ಆ ಇಬ್ಬರು ನರ್ಸುಗಳು ಪಟ್ಟಣದ ತಂಡಕ್ಕೆ ಹೋಗ್ತಾರೆ. ನಾನು ಸೋಫಾ ಮೇಲೆ. ಕ್ಲಬ್ಬು ಮುಗೀತು ಅಂತ ತಿಳ್ಕೊ."

"ಗೊತ್ತು."

"ಗೊತ್ತಿದ್ದೂ ಹರಿಶ್ಚಂದ್ರನ ತಂಗಿ ಥರ ಮಾತಾಡ್ತೀಯ."

ಹಿಲ್ಕಾ ಕಪ್ಪನ್ನು ಕೆಳಗಿಟ್ಟಳು. ಒಳಗೆ ಏನೋ ಒಂದು, ಕುದಿಯುವ ಪಾತ್ರೆಯ ಮುಚ್ಚಳದ ಹಾಗೆ, ನಿನ್ನೆಯಿಂದ ಕುಣಿಯುತ್ತಿತ್ತು. ಮೂರು ದಿನ ತಮ್ಮ ಬೆನ್ನು ಮುರಿಯುವುದನ್ನು ಕಂಡೂ ಅವನು ಬಾಯಿ ಬಿಡಲಿಲ್ಲ. ಅರ್ಜಿ ಹಾಕಲಿಲ್ಲ, ಸರಿ, ಅದು ತಮ್ಮ ತಪ್ಪು. ಆದರೆ ಬೇರೆಯವರಿಗೆ ಕೊಟ್ಟ ಅಂಗಳವನ್ನು ತಮ್ಮ ಕೈಯಿಂದ ಗುಡಿಸಿಕೊಂಡನಲ್ಲ.

"ಸುಳ್ಳು ಹೇಳೋಕೆ ನಂಗೆ ಬರಲ್ಲ ತೌನೊ," ಎಂದಳು. "ಅದನ್ನ ನಿಜ ಮಾಡೋಕೆ ಬರುತ್ತೆ."

ಶುಕ್ರವಾರ ಮಧ್ಯಾಹ್ನ ನಾಲ್ಕಕ್ಕೆ, ಬಿಸಿಲು ಇನ್ನೂ ಎತ್ತರದಲ್ಲಿದ್ದಾಗ, ಹಿಲ್ಕಾ ದೊಡ್ಡ ಮೊರದಂಥ ತಳ್ಳುಸಲಿಕೆ ಎಳೆದುಕೊಂಡು ಮೈದಾನಕ್ಕೆ ಬಂದಳು. ಗುಡ್ಡೆಯಿಂದ ಹಿಮ ಕೆತ್ತಿ, ತಳ್ಳಿಕೊಂಡು ಹೋಗಿ, ಪೆನಾಲ್ಟಿ ಹೊಡೆಯುವ ಚುಕ್ಕೆಯ ಮೇಲೆ ಸುರಿದಳು. ಮತ್ತೆ ಹೋದಳು, ಮತ್ತೆ ಸುರಿದಳು. ಐದನೆಯ ಸಲ ತಿರುಗಿದಾಗ ತೌನೊ ಬಸ್ಸು ನಿಲ್ಲಿಸಿ ಸಲಿಕೆ ಇಳಿಸುತ್ತಿದ್ದ. ಔಷಧಿ ಅಂಗಡಿಯಾಕೆ ಬಂದಳು. ನರ್ಸುಗಳಿಬ್ಬರೂ ಬಂದರು. ಒಸ್ಮೊ ಕೋಲೂರಿಕೊಂಡು ಬಂದು, ಕೋಲನ್ನು ಬೇಲಿಗೆ ಒರಗಿಸಿ ಸಲಿಕೆ ಹಿಡಿದ. ಯಾಕೆ ಎಂದು ಒಬ್ಬರೂ ಕೇಳಲಿಲ್ಲ. ಹೊರಗೆ ಹಾಕಿದಾಗ ಮೂರು ದಿನ ಹಿಡಿದಿತ್ತು. ಒಳಗೆ ಹಾಕಲು ಮೂರು ಗಂಟೆ ಸಾಕಾಯಿತು, ಸಿಟ್ಟಿನ ತೋಳುಗಳ ಲೆಕ್ಕವೇ ಬೇರೆ. ಏಳರ ಹೊತ್ತಿಗೆ ಹುಲ್ಲು ಬಹುಪಾಲು ಮತ್ತೆ ಮುಸುಕು ಹೊದ್ದು ಮಲಗಿತ್ತು.

ಸಾಂಪ್ಸನ ಕಾರು ಬಂದಾಗ ಗೋಲಿನ ಮುಂದೆ ಮಾತ್ರ ಒಂದಿಷ್ಟು ಹಸಿರು ಉಳಿದಿತ್ತು.

"ಏನು ನಡೀತಿದೆ ಇಲ್ಲಿ?"

"ತಾಲ್ಕೋತ್," ಎಂದ ತೌನೊ.

"ಹಿಮಾನ ಒಳಗೆ ಹಾಕೋ ತಾಲ್ಕೋತಾ?"

"ಪುರಸಭೆ ಹಿಮ, ಪುರಸಭೆ ಮೈದಾನ. ಅರ್ಜಿ ಹಾಕ್ದೆ ಮುಟ್ಟಿದ್ವಿ, ತಪ್ಪಾಯ್ತು. ಎಲ್ಲಿತ್ತೋ ಅಲ್ಲೇ ಇಡ್ತಿದೀವಿ."

ಯಾರೋ ಮೂಗಿನಲ್ಲಿ ನಕ್ಕರು. ಸಾಂಪ್ಸನ ಮುಖ ಕೆಂಪಾಯಿತು. "ಇದು ಹಾಳುಗೆಡವೋ ಕೆಲಸ, ಹಿಲ್ಕಾ. ನಾಳೆ ಹತ್ತು ಗಂಟೆಗೆ ಪಟ್ಟಣದ ಕ್ಲಬ್ಬಿನವರು ಬರ್ತಾರೆ."

"ಏನು ಹಾಳಾಗಿದೆ ತೋರ್ಸು. ಹೋದ ವಾರ ಹೀಗೇ ಇತ್ತು. ಆಗ ನೀನೇನೂ ಸಲಿಕೆ ತಗೊಂಡು ಬಂದಿರ್ಲಿಲ್ಲ."

ಅವನು ಮೈದಾನದುದ್ದಕ್ಕೂ ಕಣ್ಣು ಹಾಯಿಸಿದ. "ಸರಿ, ನೋಡು. ನಾಳೆ ಸಂಜೆ ಆರು ಗಂಟೆ ಸರದಿ ನಿಂಗೆ ಬರೆದುಕೊಡ್ತೀನಿ. ಈಗ ಇದನ್ನ ತೆಗೀರಿ."

"ಸಂಜೆ ಆರು ಕೊಡೋಕಾಗುತ್ತೆ ಅಂತ ನಿಂಗೆ ಬುಧವಾರ ಗೊತ್ತಿರ್ಲಿಲ್ವಾ?"

ಹಿಲ್ಕಾಗೆ ಕ್ಷಣಕಾಲ ಆಸೆಯಾಯಿತು, ಒಪ್ಪಿಬಿಡೋಣ ಎಂದು. ಆದರೆ ಒಸ್ಮೊ ಏದುಸಿರು ಬಿಡುತ್ತ ಸಲಿಕೆಯ ಹಿಡಿಗೆ ಆತು ನಿಂತಿದ್ದ. ಈ ಮುದುಕನಿಂದ ಇವನಿಗಾಗಿ ಇನ್ನೊಂದು ಸಲ ಹಿಮ ಎತ್ತಿಸುವುದೇ? ಅವಳ ಆಸೆ ಅಲ್ಲೇ ಸತ್ತಿತು.

"ಜಿಲ್ಲಾ ಸಂಘಕ್ಕೆ ಫೋನು ಮಾಡು," ಎಂದಳು.

"ಏನಂತ ಹೇಳ್ಲಿ?"

"ಕಣ್ಣಿಗೆ ಏನು ಕಾಣುತ್ತೋ ಅದನ್ನ."

ಸಾಂಪ್ಸ ಬಹಳ ಹೊತ್ತು ಫೋನನ್ನು ಕೈಯಲ್ಲಿ ತಿರುಗಿಸಿದ. ಯಾರೂ ಕದಲಲಿಲ್ಲ. ಕೊನೆಗೆ ನಂಬರು ಒತ್ತಿ, ಅವರಿಗೆ ಬೆನ್ನು ಮಾಡಿ ನಿಂತ.

"ಹೌಕಿಸಾಲ್ಮಿ ಪುರಸಭೆಯಿಂದ. ನಾಳೆ ಎರಡು ಗಂಟೆ ಪಂದ್ಯ ಆಗಲ್ಲ, ಮುಂದಕ್ಕೆ ಹಾಕಿ," ಎಂದ. "ಹೌದು, ಹಿಮ. ಪೂರ್ತಿ ಮೈದಾನ. ಹೂಂ, ನಾನೇ ನಿಂತು ನೋಡ್ತಿದೀನಿ."

ಹಿಲ್ಕಾ ಅವನು ಫೋನು ಇಡುವವರೆಗೆ ಕಾದಳು. ಆಮೇಲೆ ಸಲಿಕೆ ತುಂಬಿಕೊಂಡು, ಗೋಲಿನ ಮುಂದೆ ಹಸಿರು ಉಳಿದಿದ್ದ ಕಡೆ ನಡೆದಳು.