ಸಾಹುಕಾರನ ಮೂರು ಸಾವು

ನಾಟಕವೆಂದರೆ ಸುಬ್ರಾಯ ಶಾನಭಾಗರಿಗೆ ಹೊಟ್ಟೆ ತೊಳಸುತ್ತಿತ್ತು. ಆ ಹೊಟ್ಟೆ ತುಂಬುತ್ತಿದ್ದುದೂ ನಾಟಕದಿಂದಲೇ, ಆ ಮಾತು ಬೇರೆ. ಮದರಾಸಿನಲ್ಲಿ ಅವರು ತೆಗೆದ ಎರಡು ಸಿನಿಮಾಗಳೂ ಕಂಪನಿ ನಾಟಕಗಳನ್ನೇ ಕತ್ತರಿಸಿ ಹೊಲಿದವು. 'ಇದು ಸಿನಿಮಾವಲ್ಲ, ಕ್ಯಾಮೆರಾ ಎದುರು ಆಡಿದ ನಾಟಕ' ಎಂದು ಪತ್ರಿಕೆಯವರು ಎರಡಕ್ಕೂ ಉಗಿದಿದ್ದರು. ಕುಣಿಯಲಾರದವಳಿಗೆ ನೆಲ ಡೊಂಕು. ಶಾನಭಾಗರು ತಪ್ಪನ್ನೆಲ್ಲ ನಾಟಕದವರ ತಲೆಗೆ ಕಟ್ಟಿದರು. ಮೂರನೆಯದೂ ಹಾಗೆಯೇ ಆದರೆ ನಿರ್ಮಾಪಕ ಅವರನ್ನು ಮನೆಗೆ ಕಳಿಸುವವನಿದ್ದ.

ಆ ಮೂರನೆಯದರ ಕೊನೆಯ ದೃಶ್ಯಕ್ಕೆಂದು ೧೯೬೨ರ ಚಳಿಗಾಲದಲ್ಲಿ ಅವರು ಮಂಕಿಯ ಕಡಲದಂಡೆಗೆ ಬಂದರು. ಹಡಗು ಮುಳುಗಿ ಮಗನನ್ನು ಕಳೆದುಕೊಂಡ ಸಾಹುಕಾರ ಮರಳಿನ ಮೇಲೆ ಹಾಡುತ್ತ ಪ್ರಾಣ ಬಿಡಬೇಕು. ಸಾಹುಕಾರನಾಗಿ ಹೊನ್ನಾವರದ ಹಮ್ಮಣ್ಣ ನಾಯ್ಕ. ಎಷ್ಟೋ ವರ್ಷ ರಂಗದ ಮೇಲೆ ಇದೇ ಪಾತ್ರದಲ್ಲಿ ಸತ್ತವನು. ಕ್ಯಾಮೆರಾಕ್ಕೆ ಹಾಕುವ ಫಿಲ್ಮಿಗೂ ಸರಕಾರದ ಪರ್ಮಿಟ್ಟು ಬೇಕಾಗಿದ್ದ ಕಾಲವದು. ಉಳಿದಿದ್ದುದು ಒಂದೇ ಡಬ್ಬಿ.

ಹಮ್ಮಣ್ಣನ ಮುಖದ ಬಣ್ಣ, ಕಟ್ಟಕಡೆಯ ಸಾಲಿಗೂ ಕೇಳಲೆಂಬ ಗಂಟಲಿನ ಅಬ್ಬರ ಎರಡೂ ಶಾನಭಾಗರಿಗೆ ಅಸಹ್ಯ. ಹೇಗೋ ಹಾಡು ಮುಗಿಯಿತು, ತಲೆ ವಾಲಿತು. ಇವರಿನ್ನೂ 'ಕಟ್' ಅಂದಿರಲಿಲ್ಲ, ಸುತ್ತ ನೆರೆದಿದ್ದ ಮೀನುಗಾರರು ಚಪ್ಪಾಳೆ ಹೊಡೆದು 'ಒನ್ಸ್ ಮೋರ್!' ಎಂದು ಕೂಗಿದರು. ಹೆಣ ಎದ್ದು ಕೂತಿತು. ಜನರಿಗೆ ಕೈ ಮುಗಿಯಿತು. ಪಂಚೆ ಕೊಡವಿಕೊಂಡು ಮೊದಲ ಸಾಲಿನಿಂದ ಹಾಡು ಎತ್ತಿಕೊಂಡಿತು.

"ಥೂ! ಸತ್ತವ ಎಲ್ಲಾದ್ರೂ ಏಳ್ತಾನೇನ್ರೀ?" ಎಂದು ಶಾನಭಾಗರು ಅರಚಿದರು.

"ಜನ ಕೇಳಿದ್ರಲ್ರಾ," ಎಂದ ಹಮ್ಮಣ್ಣ. "ಕೇಳಿದ ಮೇಲೂ ಬಿದ್ಕಂಡೇ ಇದ್ರೆ ಸಭೆಗೆ ಅವಮಾನ ಮಾಡ್ದಾಂಗೆ. ನಾನು ಯಾವತ್ತೂ ಒಂದೇ ಸಲ ಸತ್ತವ್ನಲ್ಲ."

ಅರ್ಧ ಡಬ್ಬಿ ಫಿಲ್ಮು ಹಾಳಾಗಿತ್ತು. ಹುಟ್ಟುಗುಣ ಸುಟ್ಟರೂ ಹೋಗದು ಎಂದು ಗೊಣಗುತ್ತ ಶಾನಭಾಗರು ಜನರನ್ನು ಗಾಳಿಮರಗಳ ಆಚೆಗೆ ಅಟ್ಟಿಸಿದರು. ಹಮ್ಮಣ್ಣನ ಬಣ್ಣ ಒರೆಸಿಸಿದರು. "ಯಾರೂ ಇಲ್ಲ ಅಂತ ತಿಳ್ಕೊಂಡು ಸಾಯಿರಿ. ಒಂದೇ ಸಲ!" ಎಂದರು. ಹಮ್ಮಣ್ಣ ಖಾಲಿ ಮರಳನ್ನು ಒಮ್ಮೆ ನೋಡಿದ. ಸಣ್ಣ ದನಿಯಲ್ಲಿ ಗುನುಗಿದ, ಬಿದ್ದ. ಅಲ್ಲಿಗೆ ಫಿಲ್ಮೂ ಮುಗಿಯಿತು. ನಾಟಕದ ವಾಸನೆ ಇರಲಿಲ್ಲ ನಿಜ, ಜೀವವೂ ಇರಲಿಲ್ಲ. ಒಣಹಾಕಿದ ಮೀನಿನ ಹಾಗೆ ಬಿದ್ದಿದ್ದ. ಹಾಳಾಗಿ ಹೋಗಲಿ, ಇಷ್ಟು ಸಾಕು ಎಂದು ಶಾನಭಾಗರು ಸಾಮಾನು ಕಟ್ಟಲು ಹೇಳಿದರು.

ಜನ ಮತ್ತೆ ಮುತ್ತಿದರು. ಮೀನು ಮಾರುವ ಸಣ್ಣಿ ಬುಟ್ಟಿ ಇಳಿಸಿ, "ಏ ಹಮ್ಮಣ್ಣ, ನಾವು ನೋಡ್ಲೇ ಇಲ್ಲ, ಆಗ್ಲೇ ಸತ್ಯಾ? ಎಂತ ಸಾವು ಅದು!" ಎಂದು ಜಗಳಕ್ಕೇ ನಿಂತಳು. ಹಮ್ಮಣ್ಣ ಶಾನಭಾಗರ ಮುಖ ನೋಡಿದ.

"ಏನಾದ್ರೂ ಮಾಡ್ಕೊಳ್ಳಿ," ಎಂದು ಅವರು ಬೆನ್ನು ತಿರುಗಿಸಿದರು.

ಹಾಡು ಕೇಳಿಸಿತು. ಅಬ್ಬರವಿರಲಿಲ್ಲ. ಶಾನಭಾಗರು ತಿರುಗಿದರು. ಬಣ್ಣವಿಲ್ಲದ ಮುಖದ ಹಮ್ಮಣ್ಣ ಸಣ್ಣಿಯನ್ನೇ ನೋಡುತ್ತ, ಕಡಲಿಗೆ ಹೋದ ಮಗ ಬಂದನೇ ಎಂದು ಅವಳನ್ನೇ ಕೇಳುತ್ತಿದ್ದ. ಕೈ ಮಾತ್ರ ಮಗುವಿನ ತಲೆ ಸವರುವಂತೆ ಮರಳು ಸವರುತ್ತಿತ್ತು. ಆ ಕೈ ನಿಂತಿತು. ಮೂರು ಸಿನಿಮಾಗಳಲ್ಲಿ ತಾವು ಹುಡುಕಿದ್ದು ಇದನ್ನೇ ಎಂದು ಶಾನಭಾಗರಿಗೆ ಗೊತ್ತಾಯಿತು.

"ವೆಂಕಟಾ, ತಿರುಗ್ಸು! ಕ್ಯಾಮೆರಾ ತಿರುಗ್ಸು!"

"ಎಂತ ತಿರುಗ್ಸೂದು ಸಾರ್?" ಎಂದ ಕ್ಯಾಮೆರಾದ ವೆಂಕಟ. "ಡಬ್ಬಿ ಖಾಲಿ."

ಸಣ್ಣಿ ಸೆರಗಿನಿಂದ ಕಣ್ಣೊತ್ತಿಕೊಳ್ಳುತ್ತಿದ್ದಳು. ಯಾರೂ ಕೂಗಲಿಲ್ಲ. ಹಮ್ಮಣ್ಣ ಸ್ವಲ್ಪ ಹೊತ್ತು ಕಾದು ತಾನೇ ಎದ್ದು ಬಂದ.

"ನೋಡಿ, ಈ ಸಲ ಯಾರೂ ಕೇಳ್ಲಿಲ್ಲ. ನೀವು ಹೇಳ್ದಾಂಗೇ ಒಂದೇ ಸಲ ಸತ್ತೆ. ಇದ್ನೇ ತಕಂಡ್ರಲ್ರಾ?"

"ತಗೊಂಡೆ," ಎಂದರು ಶಾನಭಾಗರು. ಅಂದ ನಾಲಗೆಯನ್ನೇ ಉಗಿದುಬಿಡುವಷ್ಟು ಹೇಸಿಗೆಯಾಯಿತು.

ಹಮ್ಮಣ್ಣ ಆಗಲೇ ಜನರ ಕಡೆ ತಿರುಗಿದ್ದ. "ಕುಮಟೆಗೆ ಸಿನಿಮಾ ಬಂದಾಗ ಎಲ್ರೂ ಬರ್ಬೇಕು, ಆತಾ? ಇದೇ ಸಾವು ಇರ್ತದೆ."