ಮೂರನೆಯ ಹಾಡಿನ ಬಳೆ

ಹಾಡು ಮುಗಿಯಿತು. ಇಮ್ರಾನ ಹೆಡ್‌ಫೋನನ್ನು ಕಿವಿಗೆ ಇನ್ನಷ್ಟು ಒತ್ತಿ ಹಿಡಿದು ಮೊದಲಿನಿಂದ ಹಾಕಿದ. ಈ ಸಲವೂ ಬಳೆಯ ಸಪ್ಪಳ ಬರಲಿಲ್ಲ.

ಅದು ಅವನು ಹುಟ್ಟುವ ಮೊದಲೇ ವಿಲಾಯಿತಿಯ ಹುಡುಗರು ಮಾಡಿದ್ದ ಆಲ್ಬಮ್. ಹಾಡಿನ ನಡುನಡುವೆ ಮೇಕೆ ಒದರುತ್ತದೆ, ನೀರು ಕುದಿಯುತ್ತದೆ, ಪಿಯಾನೊ ಹಿಂದುಮುಂದಾಗಿ ಓಡುತ್ತದೆ. ಕಾಲೇಜಿನಲ್ಲಿದ್ದಾಗ ಗೆಳೆಯನ ಟೇಪ್‌ರೆಕಾರ್ಡರ್ ತಂದು, ತನ್ನದರ ಎದುರಿಗಿಟ್ಟು, ಬಾಗಿಲು ಮುಚ್ಚಿಕೊಂಡು ಕ್ಯಾಸೆಟ್ಟಿಗೆ ಇಳಿಸಿಕೊಂಡಿದ್ದ. ಮೂರನೆಯ ಹಾಡಿನ ಕೊನೆಗೆ ಗಾಜಿನ ಬಳೆ ಕಿಣಿಕಿಣಿ ಎನ್ನುವುದು ಅವನಿಗೆ ಎಲ್ಲಕ್ಕಿಂತ ಇಷ್ಟ. ವಿಲಾಯಿತಿಯವರೂ ನಮ್ಮ ಬಳೆ ಬಿಡಲಿಲ್ಲ ಎಂದು ಸ್ಟೇಷನ್ ರಸ್ತೆಯ ಚಹಾದಂಗಡಿಯಲ್ಲಿ ಕೊಚ್ಚಿಕೊಂಡಿದ್ದೂ ಉಂಟು, ಪುಣ್ಯಾತ್ಮ.

ಈಗ ಮಗಳು ಶಮಾ ಅದೇ ಆಲ್ಬಮನ್ನು ಲಾಸ್‌ಲೆಸ್‌ನಲ್ಲಿ ಹಾಕಿಕೊಟ್ಟಿದ್ದಳು. ಸ್ಟುಡಿಯೋದಲ್ಲಿ ಹಿಡಿದದ್ದರಲ್ಲಿ ಒಂದು ಚೂರೂ ಬಿಟ್ಟುಹೋಗುವುದಿಲ್ಲವಂತೆ.

"ಬಳಿ ಬಿಟ್ಟಾರ ನೋಡವಾ ಇದರಾಗ," ಎಂದ.

ಶಮಾ ಬೇರೆ ಬೇರೆ ಪ್ರತಿ ಹುಡುಕಿ ಹಾಕಿದಳು. ಯಾವುದರಲ್ಲೂ ಬಳೆಯಿಲ್ಲ. ಕೊನೆಗೆ ಕೇಳಿದಳು, "ಅಬ್ಬಾ, ನೀ ರೆಕಾರ್ಡ್ ಮಾಡುವಾಗ ಮನ್ಯಾಗ ಯಾರಿದ್ರು?"

ಇಮ್ರಾನ ಹೆಡ್‌ಫೋನ್ ತೆಗೆದಿಟ್ಟ. ಅಂದು ಅವನ ಅಮ್ಮಿ ಬಳೆ ತುಂಬಿದ ಕೈಯಲ್ಲಿ ಚಹಾ ಹಿಡಿದು ಬಾಗಿಲು ನೂಕಿದ್ದಳು. ಅವನು ಬಾಯಿಯ ಮೇಲೆ ಬೆರಳಿಟ್ಟದ್ದೇ ತಡ, ಬಸಿಯನ್ನು ಸದ್ದಿಲ್ಲದೆ ನೆಲಕ್ಕಿಟ್ಟು ಹೋಗಿದ್ದಳು. ಅಮ್ಮಿ ತೀರಿಕೊಂಡು ಬಹಳ ವರ್ಷವಾಗಿತ್ತು. ಮನೆಯಲ್ಲಿ ಅವಳ ಫೋಟೊಗಳಿದ್ದವು. ಅವಳ ಸದ್ದು ಮಾತ್ರ ಎಲ್ಲಿಯೂ ಇರಲಿಲ್ಲ.

ಆ ಕ್ಯಾಸೆಟ್ಟೂ ಮನೆಯಲ್ಲಿರಲಿಲ್ಲ. ಸುಣ್ಣ ಹೊಡೆಸುವಾಗ ಡಬ್ಬಿಗಟ್ಟಲೆ ಹಳೆಯ ಕ್ಯಾಸೆಟ್ಟುಗಳನ್ನು ತಿಕೋಟಾದ ತಂಗಿ ಹಸೀನಾ ಕೇಳಿ ಒಯ್ದಿದ್ದಳು. ತಕ್ಷಣ ಅವಳಿಗೆ ಫೋನ್ ಹಚ್ಚಿದ.

"ರೀಲ್ ಬಿಚ್ಚಿ ದ್ರಾಕ್ಷಿ ಸಾಲಿಗೆ ಕಟ್ಟೇವಲ್ಲೋ ಅಣ್ಣಾ," ಎಂದಳು ಅವಳು. "ಗಾಳಿಗೆ ಗುಂಯ್ ಅಂತಾವ, ಹಕ್ಕಿ ಬರಂಗಿಲ್ಲ."

ಇಮ್ರಾನ ಸಿಕ್ಕ ಬಸ್ಸು ಹತ್ತಿದ. ತೋಟದಲ್ಲಿ ಕಂಬದಿಂದ ಕಂಬಕ್ಕೆ ಕಂದು ಬಣ್ಣದ ರೀಲುಗಳು ಬಿಸಿಲಿಗೆ ಮಿಂಚುತ್ತಿದ್ದವು. ಯಾವುದರಲ್ಲಿ ಏನಿದೆ ಎಂದು ಹೇಳುವುದು ಹೇಗೆ? ಅವನು ಬಳೆಯ ಸಂಗತಿಯನ್ನೆಲ್ಲ ಹೇಳಿದ. ಹಸೀನಾ ಸಾಲುಗಳತ್ತ ನೋಡಿದಳು. ಗೊನೆಗಳು ಹಣ್ಣಾಗಿದ್ದವು, ಕೊಯ್ಲು ಇನ್ನೂ ಆಗಿರಲಿಲ್ಲ.

"ಹರೀದಂಗ ಸುತ್ತಬೇಕು," ಎಂದು ಮೊದಲ ಕಂಬದ ಗಂಟಿಗೆ ಕೈಹಾಕಿದಳು.

ಅವರು ಎರಡನೆಯ ಸಾಲಿಗೆ ಬರುವ ಹೊತ್ತಿಗೆ ಮೊದಲ ಸಾಲಿನ ಮೇಲೆ ಗುಬ್ಬಿಗಳು ಇಳಿಯತೊಡಗಿದ್ದವು. ಹಸೀನಾ ಒಮ್ಮೆ ತಿರುಗಿ ನೋಡಿದಳು, ಓಡಿಸಲಿಲ್ಲ.